ಹೆಸರಿನ ಋಣ

ಮಗುವಿಗೆ ಹೆಸರಿಡುವ ತಂದೆತಾಯಿಗಳು ಆ ಹೆಸರಿನೊಳಗೆ ಏನನ್ನು ಇಡುತ್ತಾರೆ? ಕೂಗಿ ಕರೆಯುವುದಕ್ಕೆ ಒಂದು ಶಬ್ದ ಬೇಕೆಂಬಷ್ಟೇ ಉದ್ದೇಶವಾಗಿದ್ದರೆ ಯಾವ ಶಬ್ದವಾದರೂ ಸಾಕಾಗುತ್ತಿತ್ತು. ಆದರೆ ಲೋಕದಲ್ಲಿ ಜನರು ಅಷ್ಟಕ್ಕೇ ತೃಪ್ತರಾಗಿರುವುದು ಅಪೂರ್ವ. ದೇವರ ಹೆಸರು, ಹಿರಿಯರ ಹೆಸರು, ಹೂವಿನ ಹೆಸರು, ಗುಣದ ಹೆಸರು, ಹೀಗೆ ತಮಗೆ ಯಾವುದು ಬೆಲೆಯುಳ್ಳದ್ದೋ ಅದನ್ನು ಆರಿಸಿ, ಇನ್ನೂ ಬೆಳಕಿಗೆ ಕಣ್ಣು ಹೊಂದಿಸಿಕೊಳ್ಳಲಾರದ ಕೂಸಿನ ಮೇಲೆ ಹೊರಿಸುತ್ತಾರೆ. ‘ಹೊರಿಸುತ್ತಾರೆ’ ಎಂಬ ಮಾತನ್ನು ಬೇಕೆಂದೇ ಬಳಸಿದ್ದೇನೆ. ಕೆಲವು ಹೆಸರುಗಳು ಒಡವೆಯಂತೆ, ಕೆಲವು ಹೊರೆಯಂತೆ. ಹೊರೆಯಾದ ಹೆಸರನ್ನು ಹೊರಿಸುವ ಅಧಿಕಾರವು ಹಿರಿಯರಿಗೆ ಎಲ್ಲಿಂದ ಬಂದಿತು, ಹೊತ್ತವನು ಅದನ್ನು ಎಲ್ಲಿಯವರೆಗೆ ಹೊರಬೇಕು ಎಂಬ ಪ್ರಶ್ನೆಯನ್ನು ವಿಯೆಟ್ನಾಂ ದೇಶದ ಒಂದು ಹೆಸರನ್ನು ಮುಂದಿಟ್ಟುಕೊಂಡು ವಿಚಾರಿಸುವುದು ಈ ಲೇಖನದ ಉದ್ದೇಶ.

ಆ ಹೆಸರು ‘ಹಿಯೆವ್’. ಹೆಚ್ಚಾಗಿ ಗಂಡುಮಕ್ಕಳಿಗೆ ಇಡುವ ಹೆಸರು ಇದು. ಆ ದೇಶದಲ್ಲಿ ವಂಶದ ಹೆಸರು ಮೊದಲು ಬರುತ್ತದೆ. ಸಾಮಾನ್ಯವಾಗಿ ನಡುವೆ ಇನ್ನೊಂದು ಹೆಸರು. ವ್ಯಕ್ತಿಯ ಸ್ವಂತ ಹೆಸರು ಕಟ್ಟಕಡೆಗೆ. ವಂಶನಾಮಗಳು ಅಲ್ಲಿ ಬಹಳವಿಲ್ಲ. ‘ನ್ಗುಯೆನ್’ ಎಂಬ ಒಂದೇ ವಂಶನಾಮವನ್ನು ಸುಮಾರು ಮೂವರಲ್ಲಿ ಒಬ್ಬರು ಧರಿಸಿದ್ದಾರೆ. ಆದಕಾರಣ ಒಬ್ಬನನ್ನು ಇನ್ನೊಬ್ಬನಿಂದ ಬೇರ್ಪಡಿಸಿ ಗುರುತಿಸುವ ಕೆಲಸವು ವಂಶನಾಮದಿಂದ ಆಗುವಂತಿಲ್ಲ. ಗೌರವದಿಂದ ಸಂಬೋಧಿಸುವಾಗ ಕೂಡ ಸ್ವಂತ ಹೆಸರಿನ ಹಿಂದೆಯೇ ಗೌರವವಾಚಕವನ್ನು ಸೇರಿಸುತ್ತಾರೆ. ಹೀಗಾಗಿ ಕೊನೆಯಲ್ಲಿ ನಿಂತಿರುವ ಆ ಒಂದಕ್ಷರದ ಹೆಸರೇ ಮನುಷ್ಯನ ಬಾಳಿನುದ್ದಕ್ಕೂ ಅವನ ಕಿವಿಗೆ ಬೀಳತಕ್ಕದ್ದು.

ಆ ಭಾಷೆಯಲ್ಲಿ ಶಬ್ದದ ಅರ್ಥವು ಧ್ವನಿಯ ಏರಿಳಿತವನ್ನು ಅನುಸರಿಸುತ್ತದೆ. ಶಿಷ್ಟವಾದ ಬರಹದಲ್ಲಿ ಆರು ಬಗೆಯ ಸ್ವರಭೇದಗಳಿವೆ. ಧ್ವನಿಯನ್ನು ಮೇಲಕ್ಕೆತ್ತಿ ‘ಹಿಯೆವ್’ ಎಂದರೆ ನಮ್ಮ ಈ ಹೆಸರು. ಅದನ್ನೇ ತಗ್ಗಿಸಿ ತಿರುಗಿಸಿ ನುಡಿದರೆ ‘ತಿಳಿದುಕೊಳ್ಳುವುದು’ ಎಂಬ ಬೇರೊಂದು ಮಾತಾಗುತ್ತದೆ. ಹೆಸರಿನ ಅರ್ಥವೇನು? ‘ಪಿತೃಭಕ್ತಿ’ ಎಂದು ಕನ್ನಡಿಸಬಹುದು; ಆದರೆ ಅದರಿಂದ ಮಾತಿನ ಪೂರ್ಣಭಾವ ಬರುವುದಿಲ್ಲ. ಅದರಲ್ಲಿ ತಂದೆಯಷ್ಟೇ ತಾಯಿಯೂ ಸೇರಿದ್ದಾಳೆ. ಬದುಕಿರುವವರಷ್ಟೇ ಕಾಲವಾದ ಹಿರಿಯರೂ ಸೇರಿದ್ದಾರೆ. ಮನಸ್ಸಿನ ಭಕ್ತಿಗಿಂತ ಹೆಚ್ಚಾಗಿ ಕೈಯಿಂದ ನಡೆಯಬೇಕಾದ ಸೇವೆ ಸೇರಿದೆ. ಹಿರಿಯರಿಗೆ ಉಣಬಡಿಸುವುದು, ರೋಗದಲ್ಲಿ ಉಪಚರಿಸುವುದು, ಕಾಲವಾದ ಮೇಲೆ ಪೀಠದ ಮುಂದೆ ಧೂಪ ಹಚ್ಚುವುದು, ಅವರ ಹೆಸರಿಗೆ ಕಳಂಕ ತಾರದೆ ನಡೆಯುವುದು, ಇದೆಲ್ಲವೂ ಕೂಡಿ ‘ಹಿಯೆವ್’. ಇನ್ನೂ ಒಂದು ಸಂಗತಿಯುಂಟು. ಮನೆಗಳಲ್ಲಿ ನಡೆಯುವ ಕಾರ್ಯಗಳನ್ನು ಆ ಜನರು ‘ಹಿಯೆವ್’ ಎಂದೂ ‘ಹಿ’ ಎಂದೂ ಎರಡಾಗಿ ಹೇಳುತ್ತಾರೆ. ‘ಹಿ’ ಎಂದರೆ ಮದುವೆ ಮೊದಲಾದ ಮಂಗಳಕಾರ್ಯ. ‘ಹಿಯೆವ್’ ಎಂದರೆ ಶವಸಂಸ್ಕಾರ. ಅಂದರೆ ತೊಟ್ಟಿಲಲ್ಲಿರುವ ಮಗನಿಗೆ ತಂದೆಯು ಇಟ್ಟ ಹೆಸರೇ, ಮುಂದೊಂದು ದಿನ ಆ ತಂದೆಯ ಶವದ ಮುಂದೆ ಮಗನು ಮಾಡಬೇಕಾದ ಕರ್ಮಕ್ಕೂ ಹೆಸರು.

ಈ ಶಬ್ದವು ಚೀನದಿಂದ ಬಂದದ್ದು. ಚೀನೀ ಲಿಪಿಯಲ್ಲಿ ಇದರ ಆಕೃತಿಯನ್ನು ನೋಡಿದರೆ ಮೇಲ್ಗಡೆ ‘ಮುದುಕ’ ಎಂಬುದರ ಅಂಶವೂ ಕೆಳಗಡೆ ‘ಮಗು’ ಎಂಬ ಅಕ್ಷರವೂ ಕಾಣುತ್ತವೆ. ಮುದುಕನನ್ನು ಮಗ ಹೊತ್ತು ನಿಂತಂತೆ ಚಿತ್ರ. ವಿಯೆಟ್ನಾಂ ದೇಶದ ವಿದ್ವಾಂಸರು ಬಹುಶತಮಾನಗಳ ಕಾಲ ಆ ಲಿಪಿಯಲ್ಲಿಯೇ ಓದಿ ಬರೆದರು. ೧೬೫೧ರಲ್ಲಿ ರೋಮಿನಲ್ಲಿ ಅಚ್ಚಾದ ಅಲೆಕ್ಸಾಂದ್ರ್ ದ ರೋಡ್ಸ್ ಪಾದ್ರಿಯ ನಿಘಂಟು ಆ ಭಾಷೆಗೆ ರೋಮನ್ ಅಕ್ಷರಗಳ ದಾರಿಯನ್ನು ತೋರಿಸಿತು. ೧೯೧೯ರಲ್ಲಿ ರಾಜಾಧಿಕಾರಿಗಳ ಹಳೆಯ ಪರೀಕ್ಷೆಗಳು ನಿಂತುಹೋದ ಮೇಲೆ ಚೀನೀ ಲಿಪಿಯ ಬಳಕೆ ಕ್ಷೀಣಿಸಿತು. ಈಗ ಹಿಯೆವ್ ಎಂಬಾತನು ತನ್ನ ಹೆಸರನ್ನು ಬರೆಯುವಾಗ ಮುದುಕನೂ ಕಾಣುವುದಿಲ್ಲ, ಮಗುವೂ ಕಾಣುವುದಿಲ್ಲ. ಚಿತ್ರ ಅಳಿಯಿತು, ಹೊರೆ ಉಳಿಯಿತು.

ಈಗ ಪ್ರಶ್ನೆಗೆ ಬರೋಣ. ಆ ದೇಶದಲ್ಲಿ ರೂಢಿಯಲ್ಲಿರುವ ಬೇರೆ ಹೆಸರುಗಳನ್ನು ಇದರೊಡನೆ ಹೋಲಿಸಿ ನೋಡಬೇಕು. ‘ಆನ್’ ಎಂದರೆ ನೆಮ್ಮದಿ. ‘ಫುಕ್’ ಎಂದರೆ ಭಾಗ್ಯ. ‘ಮಿನ್’ ಎಂದರೆ ಬೆಳಕು. ಇವು ಮಗುವಿಗೆ ಒಳ್ಳೆಯದಾಗಲಿ ಎಂಬ ಹಾರೈಕೆಗಳು. ‘ಜುಂಗ್’ ಎಂದರೆ ಶೌರ್ಯ. ‘ನ್ಗಿಯಾ’ ಎಂದರೆ ಧರ್ಮ. ಇವು ಮಗುವು ಲೋಕಕ್ಕೆ ಒಳ್ಳೆಯವನಾಗಲಿ ಎಂಬ ಹಾರೈಕೆಗಳು. ಆದರೆ ‘ಹಿಯೆವ್’ ಎಂದು ಹೆಸರಿಡುವ ತಂದೆ ಏನನ್ನು ಹಾರೈಸಿದಂತಾಯಿತು? ಈ ಮಗು ನನಗೆ ಒಳ್ಳೆಯವನಾಗಲಿ ಎಂದು ತಾನೆ? ಇಲ್ಲಿ ಹೆಸರನ್ನು ಕೊಡುವವನೂ ಸಾಲಿಗನೂ ಒಬ್ಬನೇ ಆದನು. ಮಾತು ಬಾರದ ಕೂಸಿನಿಂದ ತನ್ನ ಮುಪ್ಪಿನ ಯೋಗಕ್ಷೇಮಕ್ಕೆ ಪತ್ರ ಬರೆಸಿಕೊಂಡು, ಆ ಪತ್ರವನ್ನೇ ಕೂಸಿನ ಹೆಸರಾಗಿ ಮಾಡಿದನು. ಕೇಳದೆ ಕೊಟ್ಟ ಸಾಲಕ್ಕೆ ಬಡ್ಡಿ ಕೇಳುವುದು ನ್ಯಾಯವೆ? ಇದು ಪೂರ್ವಪಕ್ಷ. ಇದನ್ನು ಹಗುರವಾಗಿ ತಳ್ಳಿಹಾಕುವುದಕ್ಕಾಗದು.

ತಳ್ಳಿಹಾಕಲಾಗದು ಎನ್ನುವುದಕ್ಕೆ ಚರಿತ್ರೆಯಲ್ಲಿ ಸಾಕ್ಷ್ಯವಿದೆ. ಈ ಗುಣವನ್ನು ಆ ದೇಶದವರು ಮನೆಯ ನೀತಿಯೆಂದಷ್ಟೇ ಬಿಡಲಿಲ್ಲ. ೧೫ನೆಯ ಶತಮಾನದ ಲೇ ವಂಶದ ನ್ಯಾಯಸಂಹಿತೆಯಲ್ಲಿಯೂ, ೧೯ನೆಯ ಶತಮಾನದ ಆದಿಯಲ್ಲಿ ಜಾ ಲೊಂಗ್ ಚಕ್ರವರ್ತಿಯು ಹೊರಡಿಸಿದ ಸಂಹಿತೆಯಲ್ಲಿಯೂ ‘ಹಿಯೆವ್ ಇಲ್ಲದಿರುವುದು’ ಹತ್ತು ಮಹಾಪರಾಧಗಳಲ್ಲಿ ಒಂದು. ಅವನ ಮಗನಾದ ಮಿನ್ ಮಾಂಗ್ ಚಕ್ರವರ್ತಿಯ ಸಮಾಧಿಗೆ ಹ್ವೆ ನಗರದ ಬಳಿ ‘ಹಿಯೆವ್ ಲಾಂಗ್’ ಎಂದೇ ಹೆಸರು. ರಾಜನು ಪ್ರಜೆಗಳಿಗೆ ತಂದೆಯೆಂಬ ಭಾವನೆಯನ್ನು ಇದರೊಡನೆ ಸೇರಿಸಿದರೆ ಅರಸರಿಗೆ ಈ ಗುಣವು ಏಕೆ ಅಷ್ಟು ಪ್ರಿಯವಾಯಿತೆಂಬುದು ತಿಳಿಯುತ್ತದೆ. ಮನೆಯಲ್ಲಿ ತಲೆಬಾಗಲು ಕಲಿತವನು ಅರಮನೆಯಲ್ಲಿಯೂ ತಲೆಬಾಗುತ್ತಾನಲ್ಲವೆ?

ಇನ್ನು ಕಥೆಗಳ ಮಾತು. ಚೀನದಲ್ಲಿ ಪ್ರಸಿದ್ಧವಾದ ‘ಇಪ್ಪತ್ತನಾಲ್ಕು ಸತ್ಪುತ್ರರು’ ಎಂಬ ಕಥಾಮಾಲೆಯನ್ನು ಲಿ ವಾನ್ ಫುಕ್ (೧೭೮೫–೧೮೪೯) ಎಂಬ ಕವಿ ತನ್ನ ನಾಡಿನ ಪದ್ಯಕ್ಕೆ ಇಳಿಸಿದನು. ಅದರಲ್ಲಿ ಕ್ವಾಚ್ ಕು ಎಂಬ ಬಡವನ ಕಥೆಯುಂಟು. ಮುದುಕಿಯಾದ ತಾಯಿಯು ತನ್ನ ಪಾಲಿನ ಅನ್ನವನ್ನು ಮೊಮ್ಮಗನಿಗೆ ಕೊಡುತ್ತಿದ್ದಳು. ತಾಯಿ ಉಪವಾಸವಿರಬಾರದೆಂದು ಇವನು ತನ್ನ ಮಗುವನ್ನು ಹೂಳಲು ಗುಂಡಿ ತೋಡಿದನು. ಮಗು ಮತ್ತೆ ಹುಟ್ಟೀತು, ತಾಯಿ ಮತ್ತೆ ಸಿಕ್ಕುವಳೆ ಎಂಬುದು ಅವನ ತರ್ಕ. ಗುಂಡಿಯಲ್ಲಿ ಚಿನ್ನ ದೊರೆತು ಮಗು ಉಳಿಯಿತು. ಚಿನ್ನ ಸಿಕ್ಕಿತೆಂದು ಕಥೆಗಾರನು ಸಂತೋಷಪಡುತ್ತಾನೆ. ನಮಗಾದರೋ ಆ ಗುಂಡಿಯ ಅಂಚಿನಲ್ಲಿದ್ದ ಮಗುವಿನ ನೆನಪು ಹೋಗುವುದಿಲ್ಲ. ಮೊಮ್ಮಗನಿಗೆ ಅನ್ನವಿಟ್ಟ ಆ ಅಜ್ಜಿಯ ನೆನಪೂ ಹೋಗುವುದಿಲ್ಲ. ತಾಯಿಯ ಕರುಣೆಗೆ ವಿರುದ್ಧವಾಗಿ ತಾಯಿಯ ಸೇವೆ ಮಾಡಲು ಹೊರಟವನನ್ನು ಸತ್ಪುತ್ರನೆನ್ನಬಹುದೆ? ಲಿಪಿಯ ಚಿತ್ರದಲ್ಲಿ ಮುದುಕನ ಕೆಳಗಿರುವ ಮಗು ಹೊರೆಯ ಭಾರಕ್ಕೆ ನಲುಗಿಹೋಗುವ ಅಪಾಯ ಇಲ್ಲಿ ಸ್ಪಷ್ಟವಾಗಿದೆ.

ಎರಡನೆಯ ಕಥೆ ಇನ್ನೂ ಪ್ರಸಿದ್ಧವಾದದ್ದು. ನ್ಗುಯೆನ್ ಜು (೧೭೬೫–೧೮೨೦) ಮಹಾಕವಿಯ ‘ಕಿಯೆವ್ ಕಥೆ’ ೩,೨೫೪ ಪಂಕ್ತಿಗಳ ಕಾವ್ಯ. ಆ ನಾಡಿನಲ್ಲಿ ಓದು ಬಾರದವರ ಬಾಯಲ್ಲಿಯೂ ನೆಲಸಿದ್ದು. ರೇಷ್ಮೆ ವ್ಯಾಪಾರಿಯೊಬ್ಬನ ಸುಳ್ಳು ದೂರಿನಿಂದ ತಂದೆಯೂ ತಮ್ಮನೂ ಸೆರೆಯಾಗುತ್ತಾರೆ. ಅವರನ್ನು ಬಿಡಿಸುವ ಹಣಕ್ಕಾಗಿ ಹಿರಿಯ ಮಗಳಾದ ಕಿಯೆವ್ ತನ್ನನ್ನೇ ಮಾರಿಕೊಳ್ಳುತ್ತಾಳೆ. ತಾನು ಮಾತುಕೊಟ್ಟಿದ್ದ ಪ್ರಿಯನನ್ನು ತಂಗಿಗೆ ಒಪ್ಪಿಸಿ ಹೊರಡುತ್ತಾಳೆ. ಮದುವೆಯೆಂದು ನಂಬಿಸಿ ಕೊಂಡವನು ಅವಳನ್ನು ವೇಶ್ಯಾಗೃಹಕ್ಕೆ ಸೇರಿಸುತ್ತಾನೆ. ಹದಿನೈದು ವರ್ಷ ಅವಳು ದುಃಖದಲ್ಲಿ ತೊಳಲುತ್ತಾಳೆ. ಕಡೆಗೆ ಮನೆಯವರನ್ನು ಸೇರಿದಾಗ ಹಳೆಯ ಪ್ರಿಯನು, ತಂದೆಯನ್ನುಳಿಸಿದ ಆ ಕಾರ್ಯವೇ ಅವಳ ಶೀಲವೆಂದು ಗೌರವದಿಂದ ನುಡಿಯುತ್ತಾನೆ. ಒಂದು ಸಂಗತಿಯನ್ನು ಇಲ್ಲಿ ಗಮನಿಸಬೇಕು. ಹೆಸರು ಮಗನಿಗೆ, ಆ ಹೆಸರಿನ ಬೆಲೆಯನ್ನು ತೆತ್ತವಳು ಮಗಳು. ತೊಟ್ಟಿಲಿನ ಹತ್ತಿರ ಯಾರೂ ಅವಳನ್ನು ‘ಹಿಯೆವ್’ ಎಂದು ಕರೆಯಲಿಲ್ಲ. ಸಾಲದ ಪತ್ರದಲ್ಲಿ ಅವಳ ರುಜು ಇರಲಿಲ್ಲ. ಆದರೂ ವಸೂಲಿಯ ದಿನ ಬಂದಾಗ ಬಾಗಿಲು ತೆರೆದು ಹೊರಗೆ ಬಂದವಳು ಅವಳೇ.

ಆದರೆ ಅದೇ ಕಾವ್ಯದಲ್ಲಿ ಇನ್ನೊಂದು ಚಿತ್ರವಿದೆ. ಮಗಳು ಮಾರಿಕೊಂಡ ಸುದ್ದಿ ತಿಳಿದಾಗ ತಂದೆಯು ಸಮ್ಮತಿಸುವುದಿಲ್ಲ. ಗೋಡೆಗೆ ತಲೆಯನ್ನಪ್ಪಳಿಸಿಕೊಂಡು ಸಾಯಲು ಹೊರಡುತ್ತಾನೆ. ತನ್ನ ಪ್ರಾಣಕ್ಕೆ ಮಗಳ ಬಾಳು ಬೆಲೆಯಾಗಬಾರದೆಂದು ಅವನು ಕೂಗಿಕೊಳ್ಳುತ್ತಾನೆ. ಋಣದ ಲೆಕ್ಕವನ್ನು ಸಾಲಿಗನೇ ಹರಿದು ಹಾಕಲು ಬಯಸಿದಂತಾಯಿತು. ಪೂರ್ವಪಕ್ಷಕ್ಕೆ ಉತ್ತರವು ಇಲ್ಲಿಂದಲೇ ಆರಂಭವಾಗುತ್ತದೆಂದು ನನಗೆ ತೋರುತ್ತದೆ. ಕೊಡುವವನು ಬೇಡವೆನ್ನಬೇಕು, ತೀರಿಸುವವನು ಬಿಡೆನೆನ್ನಬೇಕು. ಈ ಎಳೆದಾಟವಿರುವ ತನಕ ಅದು ಪ್ರೀತಿ. ಕೊಟ್ಟವನು ಕೇಳತೊಡಗಿದ ಗಳಿಗೆಯಿಂದ ಅದು ಲೇವಾದೇವಿ.

ಹಾಗಾದರೆ ಕೇಳತೊಡಗಿದ ತಂದೆಗೆ ಮಗನ ಉತ್ತರವೇನು? ಅದರಲ್ಲಿಯೂ ಆ ತಂದೆಯು ಕೇಳಿದ್ದು ಅಧರ್ಮವಾಗಿದ್ದರೆ, ಕೇಳಿದ್ದು ಮರಣಶಯ್ಯೆಯಲ್ಲಿಯಾದರೆ? ಈ ಪ್ರಶ್ನೆಗೆ ಆ ನಾಡಿನ ಚರಿತ್ರೆಯಲ್ಲಿಯೇ ಒಂದು ಉತ್ತರವಿದೆ. ೧೪೭೯ರಲ್ಲಿ ನ್ಗೊ ಸಿ ಲಿಯೆನ್ ಎಂಬ ಪಂಡಿತನು ರಚಿಸಿ ಮುಗಿಸಿದ ‘ದಾಯ್ ವಿಯೆತ್’ ರಾಜ್ಯದ ಸಮಗ್ರ ಇತಿಹಾಸದಲ್ಲಿ ಅದು ಬಂದಿದೆ.

೧೨೩೭ರಲ್ಲಿ ತ್ರಾನ್ ವಂಶದ ಮೊದಲನೆಯ ಅರಸನಿಗೆ ಸಂತಾನವಿಲ್ಲವೆಂಬ ಕಾರಣದಿಂದ, ರಾಜ್ಯದ ಸೂತ್ರ ಹಿಡಿದಿದ್ದ ಹಿರಿಯನೊಬ್ಬನು ಅರಸನ ಅಣ್ಣನಾದ ತ್ರಾನ್ ಲಿಯೆವ್ ಎಂಬವನ ಗರ್ಭಿಣಿಯಾದ ಹೆಂಡತಿಯನ್ನೇ ಕಸಿದು ಅರಸನಿಗೆ ರಾಣಿಯಾಗಿ ಮಾಡಿಸಿದನು. ಲಿಯೆವ್ ದಂಗೆಯೆದ್ದು ಸೋತು ಶರಣಾದನು. ಅರಸನು ತನ್ನ ಮೈಯನ್ನೇ ಅಡ್ಡವಿಟ್ಟು ಅಣ್ಣನ ಪ್ರಾಣವನ್ನುಳಿಸಿದನು. ಆದರೆ ಅವಮಾನದ ಗಾಯ ಮಾಯಲಿಲ್ಲ. ೧೨೫೧ರಲ್ಲಿ ಸಾಯುವಾಗ ಲಿಯೆವ್ ತನ್ನ ಮಗ ಕ್ವೊಕ್ ತುವಾನ್ ಎಂಬವನ ಕೈಹಿಡಿದು, ನನಗೋಸ್ಕರ ನೀನು ಈ ರಾಜ್ಯವನ್ನು ಕೈವಶ ಮಾಡಿಕೊಳ್ಳದಿದ್ದರೆ ಸತ್ತರೂ ನನ್ನ ಕಣ್ಣು ಮುಚ್ಚುವುದಿಲ್ಲವೆಂದು ಹೇಳಿದನು. ಮಗನು ಆ ಮಾತನ್ನು ಎದೆಯಲ್ಲಿಟ್ಟುಕೊಂಡನು. ಆದರೆ ಅದು ಸರಿಯೆಂದು ಒಪ್ಪಲಿಲ್ಲ.

ಕಾಲ ಕಳೆಯಿತು. ಮಂಗೋಲರ ದಂಡು ದೇಶದ ಮೇಲೆ ಬಿತ್ತು. ಸೇನೆಯೆಲ್ಲ ಕ್ವೊಕ್ ತುವಾನನ ಕೈಗೆ ಬಂದಿತು. ತಂದೆಯ ಕೊನೆಯ ಮಾತನ್ನು ನಡೆಸಬೇಕೆಂದಿದ್ದರೆ ಅದಕ್ಕಿಂತ ಒಳ್ಳೆಯ ಸಮಯ ಮತ್ತೊಂದಿರಲಿಲ್ಲ. ಆಗ ಅವನು ಆ ಗುಟ್ಟನ್ನು ತನ್ನ ಇಬ್ಬರು ಸೇವಕರಿಗೆ ತಿಳಿಸಿ ಅವರ ಅಭಿಪ್ರಾಯ ಕೇಳಿದನು. ಸೇವಕರಾಗಿಯೇ ಸಾಯುತ್ತೇವೆ, ದ್ರೋಹಿಗಳಾಗಿ ಪದವಿ ಪಡೆಯುವುದಿಲ್ಲವೆಂದರು ಅವರು. ಅವನು ಕಣ್ಣೀರು ಸುರಿಸಿ ಮೆಚ್ಚಿದನು. ಹಿರಿಯ ಮಗನನ್ನು ಕೇಳಿದನು; ಬೇರೆ ವಂಶದವರ ವಿಷಯದಲ್ಲಿಯೇ ಸಲ್ಲದ ಕೆಲಸ ಸ್ವಂತ ವಂಶದವರಿಗೆ ಸಲ್ಲುವುದೆ ಎಂದನು ಅವನು. ಇನ್ನೊಬ್ಬ ಮಗ ಕ್ವೊಕ್ ತಾಂಗ್ ಎಂಬವನನ್ನು ಕೇಳಿದನು. ಬೇಸಾಯಗಾರನಾಗಿದ್ದವನೊಬ್ಬನು ಸಮಯ ನೋಡಿ ಚೀನದ ಸಿಂಹಾಸನವನ್ನು ಪಡೆದನಲ್ಲವೆ ಎಂದು ಅವನು ಸೂಚಿಸಿದನು. ಕ್ವೊಕ್ ತುವಾನನು ಕತ್ತಿ ಹಿರಿದನು. ರಾಜದ್ರೋಹಿಗಳು ಹುಟ್ಟುವುದು ‘ಹಿಯೆವ್’ ಇಲ್ಲದ ಮಕ್ಕಳಿಂದಲೇ ಎಂದು ಗರ್ಜಿಸಿದನು. ಅಣ್ಣನು ಅಳುತ್ತ ಬೇಡಿಕೊಂಡಿದ್ದರಿಂದ ತಮ್ಮನ ತಲೆ ಉಳಿಯಿತು. ತಾನು ಸತ್ತ ಮೇಲೆ ಶವಪೆಟ್ಟಿಗೆಯನ್ನು ಮುಚ್ಚುವ ತನಕ ತಾಂಗನು ಒಳಗೆ ಬಂದು ಅಳಕೂಡದೆಂದು ತಂದೆಯು ಕಟ್ಟಪ್ಪಣೆ ಮಾಡಿದನು.

ವಾಚಕರು ಈ ಮಾತನ್ನು ನಿಧಾನವಾಗಿ ಪರಿಶೀಲಿಸಬೇಕು. ತಾಂಗನು ಸೂಚಿಸಿದ್ದೇನು? ಅಜ್ಜನ ಕೊನೆಯ ಆಸೆಯನ್ನು ನಡೆಸೋಣವೆಂದು. ಅಜ್ಜನ ಆಜ್ಞೆಯನ್ನು ಮೀರಿದವನು ಯಾರು? ಕ್ವೊಕ್ ತುವಾನನೇ. ಹೀಗಿರುವಲ್ಲಿ ಆಜ್ಞೆ ಮೀರಿದವನು ಆಜ್ಞೆ ನಡೆಸೋಣವೆಂದವನನ್ನು ‘ಹಿಯೆವ್ ಇಲ್ಲದವನು’ ಎಂದು ಬಯ್ಯುತ್ತಾನೆ! ಮೇಲೆ ಮೇಲೆ ನೋಡಿದರೆ ಇದು ವಿಪರೀತ. ಒಳಹೊಕ್ಕು ನೋಡಿದರೆ ಈ ಗುಣದ ನಿಜವಾದ ಮರ್ಮವು ಇಲ್ಲಿಯೇ ಇದೆ. ತಾಂಗನಿಗೆ ಬೇಕಾಗಿದ್ದದ್ದು ಸಿಂಹಾಸನ; ಅಜ್ಜನ ಮಾತು ಅದಕ್ಕೊಂದು ನೆಪ. ಕ್ವೊಕ್ ತುವಾನನಾದರೋ ತಂದೆಯ ಸಿಟ್ಟನ್ನು ಮುಂದುವರಿಸಲಿಲ್ಲ, ತಂದೆಯನ್ನು ಮರೆಯಲೂ ಇಲ್ಲ. ಆ ಮಾತನ್ನು ಬಹುಕಾಲ ಎದೆಯಲ್ಲಿ ಹೊತ್ತನು. ತಂದೆಯ ಅಪಮಾನಕ್ಕೆ ಕಾರಣನಾದ ಅರಸನ ಮಗ ಕ್ವಾಂಗ್ ಖಾಯ್ ತನಗೆ ಪ್ರತಿಸ್ಪರ್ಧಿಯಾಗಿದ್ದಾಗ, ತಾನೇ ಕೈಯಾರ ಅವನಿಗೆ ಸುಗಂಧಜಲದಿಂದ ಸ್ನಾನ ಮಾಡಿಸಿ ಸ್ನೇಹ ಬೆಳೆಸಿದನು. ೧೨೮೫ರಲ್ಲಿ ಒಮ್ಮೆ, ೧೨೮೮ರಲ್ಲಿ ಬಾಚ್ ದಾಂಗ್ ನದಿಯಲ್ಲಿ ಮತ್ತೊಮ್ಮೆ ಮಂಗೋಲರನ್ನು ಸೋಲಿಸಿದನು, ೧೩೦೦ರಲ್ಲಿ ತೀರಿಕೊಂಡನು. ತ್ರಾನ್ ಹುಂಗ್ ದಾವ್ ಎಂಬ ಹೆಸರಿನಿಂದ ಇಂದಿಗೂ ಗುಡಿಗಳಲ್ಲಿ ಪೂಜೆಗೊಳ್ಳುತ್ತಾನೆ. ತಂದೆಯ ಮಾತನ್ನು ನಡೆಸಿದ್ದರೆ ಲಿಯೆವ್ ಒಬ್ಬ ರಾಜ್ಯಾಪಹಾರಿಯ ತಂದೆಯಾಗುತ್ತಿದ್ದನು. ನಡೆಸದೆ ಹೋದುದರಿಂದ ದೇಶವನ್ನುಳಿಸಿದವನ ತಂದೆಯಾದನು. ತಂದೆಗೆ ಹೆಚ್ಚಿನ ಸೇವೆ ಯಾವುದು?

ಇದು ಕ್ವೊಕ್ ತುವಾನನ ಸ್ವಂತ ಕಲ್ಪನೆಯೂ ಅಲ್ಲ. ಈ ಗುಣಕ್ಕೆ ಆಧಾರವೆನಿಸಿದ ಚೀನದ ‘ಹಿಯೆವ್ ಕಿನ್’ ಎಂಬ ಶಾಸ್ತ್ರಗ್ರಂಥದಲ್ಲಿಯೇ, ತಂದೆ ಹೇಳಿದ್ದೆಲ್ಲವನ್ನೂ ಕೇಳುವುದು ಸತ್ಪುತ್ರನ ಲಕ್ಷಣವೆ ಎಂದು ಶಿಷ್ಯನು ಪ್ರಶ್ನಿಸಿದಾಗ ಕನ್‌ಫ್ಯೂಷಿಯಸ್ ಗುರುವು ಅದನ್ನು ಖಂಡಿಸುತ್ತಾನೆ. ತಂದೆಯು ಅಧರ್ಮಕ್ಕೆ ತೊಡಗಿದಾಗ ತಡೆದು ಹೇಳುವುದು ಮಗನ ಕರ್ತವ್ಯವೆನ್ನುತ್ತಾನೆ. ಅರಸರು ತಮ್ಮ ಸಂಹಿತೆಗಳಲ್ಲಿ ಶಾಸ್ತ್ರದ ವಿಧೇಯತೆಯನ್ನು ಎತ್ತಿ ಹಿಡಿದರು. ಈ ಭಾಗದ ಮೇಲೆ ಅವರಿಗೆ ಅಷ್ಟು ಒಲವಿರಲಿಲ್ಲ.

ಬೌದ್ಧರ ಕಡೆಯಿಂದಲೂ ಇದೇ ತಾತ್ಪರ್ಯ ದೊರೆಯುತ್ತದೆ. ಇಲ್ಲಿ ನಮ್ಮ ದೇಶದ ಸಂಬಂಧವೂ ಉಂಟು. ವಿಯೆಟ್ನಾಮಿನಲ್ಲಿ ಚಾಂದ್ರಮಾನದ ಏಳನೆಯ ತಿಂಗಳ ಹುಣ್ಣಿಮೆಯಂದು ‘ವು ಲಾನ್’ ಎಂಬ ಪರ್ವ ನಡೆಯುತ್ತದೆ. ಆ ಶಬ್ದವು ‘ಉಲ್ಲಂಬನ’ ಎಂಬುದರಿಂದ ಬಂದದ್ದು. ಬುದ್ಧನ ಶಿಷ್ಯನಾದ ಮೌದ್ಗಲ್ಯಾಯನನು ತನ್ನ ತಾಯಿಯು ಪಾಪದ ಫಲವಾಗಿ ಪ್ರೇತಲೋಕದಲ್ಲಿ ಹಸಿದಿರುವುದನ್ನು ಕಂಡನು. ಅನ್ನ ಕೊಟ್ಟರೆ ಅದು ಅವಳ ಬಾಯಿಯ ಬಳಿ ಕೆಂಡವಾಯಿತು. ಕಡೆಗೆ ಬುದ್ಧನ ಮಾತಿನಂತೆ, ವರ್ಷಾವಾಸ ಮುಗಿಸಿದ ಭಿಕ್ಷುಸಂಘಕ್ಕೆ ದಾನವಿತ್ತು ಅವಳನ್ನು ಬಿಡುಗಡೆ ಮಾಡಿಸಿದನು. ತಾಯಿ ನಿರ್ದೋಷಿಯೆಂದು ಮಗನು ವಾದಿಸಲಿಲ್ಲ; ಅವಳ ದಾರಿಯನ್ನು ಹಿಡಿಯಲಿಲ್ಲ; ದೋಷಿಯೆಂದು ಕೈಬಿಡಲೂ ಇಲ್ಲ. ದೋಷದೊಳಗಿಂದ ಅವಳನ್ನು ಎತ್ತಿ ತಂದನು. ೧೯೬೨ರಲ್ಲಿ ಥಿಚ್ ನ್ಯಾತ್ ಹಾನ್ ಎಂಬ ಭಿಕ್ಷು ಬರೆದ ಒಂದು ಚಿಕ್ಕ ಪ್ರಬಂಧದ ತರುವಾಯ, ಈ ಪರ್ವದಂದು ತಾಯಿ ಬದುಕಿರುವವರು ಕೆಂಪು ಗುಲಾಬಿಯನ್ನೂ ಇಲ್ಲದವರು ಬಿಳಿಯದನ್ನೂ ಎದೆಗೆ ಸಿಕ್ಕಿಸಿಕೊಳ್ಳುವ ರೂಢಿ ಹರಡಿತು. ಅಲ್ಲಿ ಸಾಲಪತ್ರವಿಲ್ಲ, ಒಂದು ಹೂವಿದೆ.

ಕಾಲಗತಿಯಲ್ಲಿ ಈ ಹೆಸರಿನ ಅರ್ಥವೂ ತಿರುಗಿತು. ಹಿಂದೆ ಅರಸನಿಗೆ ನಿಷ್ಠೆ, ತಂದೆತಾಯಿಗಳಿಗೆ ಹಿಯೆವ್ ಎಂದಿತ್ತು. ಅಣ್ಣತಮ್ಮಂದಿರಿಗೆ ‘ತ್ರುಂಗ್’, ‘ಹಿಯೆವ್’ ಎಂದು ಜೋಡಿಹೆಸರಿಡುವುದುಂಟು. ೧೯೪೬ರಲ್ಲಿ ಹೊ ಚಿ ಮಿನ್ ಅವರು ಒಂದು ಸೈನಿಕ ವಿದ್ಯಾಶಾಲೆಗೆ ಧ್ವಜವನ್ನು ಕೊಟ್ಟಾಗ, ದೇಶಕ್ಕೆ ನಿಷ್ಠೆ, ಜನರಿಗೆ ಹಿಯೆವ್ ಎಂಬ ಅರ್ಥದ ಮಾತು ಅದರ ಮೇಲಿತ್ತು. ಆ ಶಾಲೆಗೆ ಇಟ್ಟಿದ್ದ ಹೆಸರು ತ್ರಾನ್ ಕ್ವೊಕ್ ತುವಾನ್. ಹೊಸ ಮಾತಿಗೂ ಹಳೆಯ ಅಪಾಯ ತಪ್ಪಿದ್ದಲ್ಲ. ತಂದೆಯ ಸ್ಥಾನದಲ್ಲಿ ಅರಸನು ನಿಂತಂತೆ ಜನರ ಹೆಸರಿನಲ್ಲಿ ಯಾರಾದರೂ ನಿಂತು ಕೇಳಬಹುದು. ಯಾರು ಕೇಳಿದರೂ ಕ್ವೊಕ್ ತುವಾನನ ವಿವೇಕವು ಬೇಕೇ ಬೇಕು.

ಇನ್ನು ಪೂರ್ವಪಕ್ಷಕ್ಕೆ ಸಮಾಧಾನ. ಹೆಸರಿಡುವ ತಂದೆಯು ಸಾಲಿಗನೆಂದೆವು. ಆದರೆ ಅವನೂ ಒಬ್ಬ ತಂದೆಗೆ ಮಗನಷ್ಟೆ? ಹಿರಿಯರ ಪೀಠದ ಮುಂದೆ ಅವನೂ ಧೂಪ ಹಚ್ಚುವವನೇ. ‘ಹಿಯೆವ್’ ಎಂದು ಮಗನನ್ನು ಕೂಗಿದಾಗಲೆಲ್ಲ ಆ ಮಾತು ಕೂಗಿದವನ ಕಿವಿಗೂ ಬೀಳುತ್ತದೆ. ತಾನು ಹಾಗೆ ನಡೆದೆನೆ ಎಂದು ಅದು ಅವನನ್ನು ಕೇಳುತ್ತದೆ. ಅಷ್ಟೇ ಅಲ್ಲ, ಮಗನು ಧರ್ಮವನ್ನು ಬಿಡದೆ ಸಲ್ಲಿಸಬಹುದಾದಂಥ ಸೇವೆಯನ್ನೇ ಕೇಳುವಂಥ ತಂದೆಯಾಗಿದ್ದೇನೆಯೆ ಎಂದೂ ಕೇಳುತ್ತದೆ. ಈ ಹೆಸರಿಡುವವನು ಮಗನಿಂದ ಪತ್ರ ಬರೆಸಿಕೊಳ್ಳುವುದರ ಜೊತೆಗೆ ತಾನೂ ಅದರ ಕೆಳಗೆ ರುಜು ಹಾಕುತ್ತಾನೆ. ಆ ರುಜು ಇಲ್ಲದಿದ್ದರೆ ಹೆಸರು ಅನ್ಯಾಯ. ಇದ್ದರೆ ಅದು ಇಬ್ಬರಿಗೂ ಸೇರಿದ ವ್ರತ.

೧೯೭೫ರ ತರುವಾಯ ದೇಶ ಬಿಟ್ಟು ಹೋದ ಲಕ್ಷಾಂತರ ವಿಯೆಟ್ನಾಮಿಗಳಲ್ಲಿ ಹಿಯೆವ್ ಎಂಬ ಹೆಸರಿನವರೂ ಇದ್ದಾರೆ. ಪರದೇಶದ ಕಾಗದಗಳಲ್ಲಿ ಸ್ವರದ ಗುರುತು ಬಿದ್ದುಹೋಗುತ್ತದೆ; ಹೆಸರು ಮೊದಲಿಗೂ ವಂಶನಾಮ ಕೊನೆಗೂ ಸರಿಯುತ್ತವೆ; ಕರೆಯುವವರಿಗೆ ಅರ್ಥ ತಿಳಿಯದು. ಅಂಥವನಿಗೆ ಈ ಹೆಸರಿನಿಂದ ಬಿಡುಗಡೆಯಾಯಿತೆ? ಇಲ್ಲವೆಂದೇ ತೋರುತ್ತದೆ. ಆಜ್ಞೆ ಮಾಡುವವರು ದೂರವಾದಾಗ, ದಂಡಿಸುವ ಸಂಹಿತೆ ಇಲ್ಲವಾದಾಗ, ಯಾರೂ ಕೇಳದಿರುವಾಗ ಅವನು ತಾಯಿಗೆ ಬರೆಯುವ ಕಾಗದವೇ, ಕಳುಹಿಸುವ ಹಣವೇ ಈ ಗುಣದ ಶುದ್ಧವಾದ ರೂಪ. ಹೆಸರನ್ನು ಹಿರಿಯರು ಕೊಡುತ್ತಾರೆ, ದಿಟ. ಅದನ್ನು ಒಪ್ಪಿಕೊಳ್ಳುವುದು ಮಾತ್ರ ಮಗನ ಕೈಯಲ್ಲಿದೆ. ಆ ಒಪ್ಪಿಗೆಯ ದಿನ ತೊಟ್ಟಿಲಿನ ದಿನಕ್ಕಿಂತ ಬಹಳ ತಡವಾಗಿ ಬರುತ್ತದೆ.